ಹೆಸರು ಕೂಗಿದ ಬಗೆ

ಹೌದು ಅಂದುಬಿಟ್ಟರೆ? ಅಥವಾ ನೆನಪಿಲ್ಲ ಅಂದರೆ? ನೆನಪಿಲ್ಲ ಅನ್ನುವುದು ಅಂಥ ದೊಡ್ಡ ಸುಳ್ಳೇನಲ್ಲ. ಯೌವನದ ಯಾವುದೋ ಬೆಳಿಗ್ಗೆ ಬಾಯಿಂದ ಬಿದ್ದ ಒಂದು ಹೆಸರನ್ನು ಯಾವ ದನಿಯಲ್ಲಿ ಹೇಳಿದೆ ಎಂದು ಅರವತ್ತು ದಾಟಿದವನನ್ನು ಕೇಳಿದರೆ, ಮರೆತಿದ್ದೇನೆ ಅನ್ನಲು ಅವನಿಗೆ ಹಕ್ಕಿದೆ. ಆದರೆ ತವಿ ಮರೆತಿರಲಿಲ್ಲ. ಮರೆತಿದ್ದರೆ ಬೆಳಗಿನಿಂದ ಮೈಕಿನ ಧೂಳನ್ನು ಮತ್ತೆ ಮತ್ತೆ ಒರೆಸುತ್ತ ಕೂರುತ್ತಿರಲಿಲ್ಲ.

ಕೇಳಿದವನು ಕೊರ್ನೆಲ್ ಬಾಲಿಂತ್, ಊರಿನ ಫುಟ್‌ಬಾಲ್ ತಂಡ ಮಿನೆರುಲ್‌ನ ಹಳೆಯ ಗೋಲ್‌ಕೀಪರ್. ನಿನ್ನೆ ಬ್ರೆಡ್ ಅಂಗಡಿಯ ಮುಂದೆ, ಸಾಲಿನಲ್ಲಿ ನಿಂತಿದ್ದಾಗ, ಹವಾಮಾನದ ಬಗ್ಗೆ ಕೇಳುವ ಹಾಗೆ ಕೇಳಿದ.

"ತವಿ, ಅವತ್ತು ನನ್ ಹೆಸರನ್ನ ಹ್ಯಾಗ್ ಕೂಗ್ದೆ ನೀನು? ಮ್ಯಾಚಿನ ದಿನ ಕೂಗೋ ಹಾಗಾ, ಇಲ್ಲಾ ಸುಮ್ನೆ ಓದೋ ಹಾಗಾ?"

ಯಾವತ್ತು ಎಂದು ತವಿ ಕೇಳಲಿಲ್ಲ. ಬ್ರಾದೆಟ್ ಊರಿನಲ್ಲಿ 'ಅವತ್ತು' ಅಂದರೆ ಒಂದೇ ದಿನ.

"ಈಗ್ಯಾಕೆ ಕೊರ್ನೆಲಣ್ಣ?"

"ನಾಳೆ ಆದ್ಮೇಲೆ ಆ ಮೈಕೂ ಇರಲ್ಲ. ನಾನೂ ಎಷ್ಟು ದಿನವೋ. ಬೇರೆಯವರನ್ನ ಕೇಳಿ ನೋಡ್ದೆ. ಒಬ್ಬ ಹಿಂಗಂತಾನೆ, ಇನ್ನೊಬ್ಬ ಹಂಗಂತಾನೆ, ಉಳಿದವರು ಸತ್ತಿದಾರೆ. ಕೂಗಿದವನು ನೀನು."

"ಯೋಚ್ನೆ ಮಾಡಿ ಹೇಳ್ತೀನಿ."

"ಮಾಡು. ನಾಳೆ ಮ್ಯಾಚ್ ಮುಗಿದ ಮೇಲೆ ಹೇಳು." ಕೊರ್ನೆಲ್ ತನ್ನ ಬ್ರೆಡ್ಡನ್ನು ಕಂಕುಳಲ್ಲಿ ಇಟ್ಟುಕೊಂಡು ಹೊರಟುಹೋದ. ಎಪ್ಪತ್ತು ದಾಟಿದ್ದರೂ ಚೆಂಡು ಹಿಡಿದವನ ಹಾಗೆಯೇ ಹಿಡಿದಿದ್ದ.

ಇವತ್ತು ಮಿನೆರುಲ್‌ನ ಕೊನೆಯ ಮ್ಯಾಚ್, ನಾಳೆಯಿಂದ ಕ್ಲಬ್ ಇಲ್ಲ. ಪ್ರೇಕ್ಷಕರ ಅಟ್ಟಣೆಯ ತಲೆಯ ಮೇಲಿರುವ ಹಲಗೆಯ ಗೂಡಿನಲ್ಲಿ ತವಿ ಕೂತಿದ್ದಾನೆ. ಕೆಳಗೆ ಮೈದಾನ, ಅದರಾಚೆ ಗಣಿಬಾಯಿಯ ಕಬ್ಬಿಣದ ಗೋಪುರ. ಗೋಪುರದ ಚಕ್ರಗಳನ್ನು ಗುಜರಿಯವರು ಯಾವತ್ತೋ ಬಿಚ್ಚಿಕೊಂಡು ಹೋದರು. ಉಳಿದದ್ದನ್ನು ಕೆಡವುವ ಖರ್ಚಿಗೆ ಯಾರೂ ಮುಂದೆ ಬಂದಿಲ್ಲ.

ಏಣಿ ಹತ್ತಿ ರಜ್ವಾನ್ ಬಂದ. ಪುರಸಭೆಯ ಹುಡುಗ, ಆಟದ ವ್ಯವಹಾರ ನೋಡಿಕೊಳ್ಳುವವನು, ಏದುಸಿರು ಬಿಡುತ್ತಿದ್ದ.

"ತವಿ ಅಂಕಲ್, ಈ ಏಣೀಲಿ ದಿನಾ ಹತ್ತೀರಾ? ಇದರಿಂದ ಬಿದ್ದು ಸತ್ರೆ ಪುರಸಭೆ ಹೂವಿನ ಹಾರಕ್ಕೂ ದುಡ್ಡು ಕೊಡಲ್ಲ."

"ಹದಿನೈದು ದಿನಕ್ಕೊಂದ್ಸಲ ಹತ್ತೋದು. ನಿನ್ ಹೊಟ್ಟೆ ನೋಡಿದ್ರೆ ನೀನು ದಿನಾ ಹತ್ತಬೇಕು."

ರಜ್ವಾನ್ ನಗುತ್ತ ಒಂದು ಹಾಳೆ ಕೊಟ್ಟ. "ಅರ್ಧ ಆಟ ಆದ್ಮೇಲೆ ಇದನ್ನ ಓದಿ. ಕ್ಲಬ್ಬಿನ ಇತಿಹಾಸ. ಆಮೇಲೆ ಕೊರ್ನೆಲ್ ತಾತನ್ನ ಹೆಸರು ಹಿಡಿದು ಕರೀರಿ, ಹಳೇ ಪದ್ಧತಿ ಥರ. ಮೇಯರ್ ಫಲಕ ಕೊಡ್ತಾರೆ."

"ಅವನು ಬರ್ತೀನಿ ಅಂದ್ನಾ?"

"ಬರಲ್ಲ ಅಂತಿದ್ರು. ನಿನ್ನೆ ಸಂಜೆ ಫೋನ್ ಮಾಡಿ, ತವಿ ಕೂಗೋದಾದ್ರೆ ಬರ್ತೀನಿ ಅಂದ್ರು. ನಿಮ್ ಮೇಲೆ ಅಷ್ಟು ಪ್ರೀತಿ ನೋಡಿ."

ತವಿ ಹಾಳೆ ನೋಡಿದ. ಅಚ್ಚುಕಟ್ಟಾಗಿತ್ತು. ಗಣಿ ಶುರುವಾದದ್ದು, ತಂಡ ಕಟ್ಟಿದ್ದು, ಗೆದ್ದದ್ದು, ಮೇಲಿನ ಡಿವಿಷನ್ನಿಗೆ ಏರಿದ್ದು. ಆಮೇಲೆ 'ಆರ್ಥಿಕ ಬದಲಾವಣೆಗಳ ಕಾರಣ ಕ್ಲಬ್ ಕಷ್ಟಗಳನ್ನು ಎದುರಿಸಿತು'. ಅಷ್ಟೆ. ಓದಲು ನಾಕು ನಿಮಿಷವೂ ಹಿಡಿಯುವುದಿಲ್ಲ.

ಆ ಹಾಳೆಯಲ್ಲಿ ಇಲ್ಲದ್ದು ತವಿಗೆ ಗೊತ್ತಿತ್ತು. ಮೊದಲ ತಂಡಕ್ಕೆ ಅಂಗಿಗೆ ಬಟ್ಟೆ ಇರಲಿಲ್ಲ. ಗಣಿ ಆಸ್ಪತ್ರೆಯ ಹಾಸಿಗೆಯ ಚಾದರಗಳಿಗೆ ಕಪ್ಪು ಬಣ್ಣ ಹಾಕಿ ಹೊಲಿಸಿದರು. ಮಳೆ ಬಂದ ದಿನ ಬಣ್ಣ ಬಿಟ್ಟು, ಆಟಗಾರರು ಗಣಿಯಿಂದ ಎದ್ದು ಬಂದವರ ಹಾಗೆ ಮೈದಾನದಿಂದ ಹೊರಬಿದ್ದರಂತೆ. ಊರಿಗೆ ಅದು ಇಷ್ಟವಾಯಿತು. ಆಮೇಲೆ ಯಾವ ಡೈರೆಕ್ಟರ್ ಬಂದರೂ, ಯಾವ ಸರ್ಕಾರ ಬಂದರೂ, ಅಂಗಿಯ ಬಣ್ಣ ಬದಲಾಗಲಿಲ್ಲ.

ಹಳೆಯ ಕಮ್ಯುನಿಸ್ಟ್ ಸರ್ಕಾರದ ಕಾಲದಲ್ಲಿ ಆಟ ಆಡಿ ಸಂಬಳ ತೆಗೆದುಕೊಳ್ಳುವುದು ಕಾನೂನಿನಲ್ಲಿ ಇರಲಿಲ್ಲ. ಹಾಗಾಗಿ ಕಾಗದದ ಮೇಲೆ ಆಟಗಾರರೆಲ್ಲ ಗಣಿಯಲ್ಲಿ ಕಲ್ಲಿದ್ದಲು ಕಡಿಯುವವರು. ಪ್ರತಿ ಗಣಿಯವನಿಗೂ ನಂಬರ್ ಕೊರೆದ ಒಂದು ಹಿತ್ತಾಳೆ ಬಿಲ್ಲೆ ಇರುತ್ತಿತ್ತು. ಕೆಳಗಿಳಿಯುವ ಮುಂಚೆ ದೀಪದ ಮನೆಯಲ್ಲಿ ದೀಪ ತೆಗೆದುಕೊಂಡು ಬಿಲ್ಲೆಯನ್ನು 'ಕೆಳಗೆ' ಎಂಬ ಹಲಗೆಗೆ ತೂಗುಹಾಕಬೇಕು, ಮೇಲೆ ಬಂದ ಮೇಲೆ 'ಮೇಲೆ' ಎಂಬ ಹಲಗೆಗೆ. ಆಟಗಾರರ ಬಿಲ್ಲೆಗಳನ್ನು ಮಾತ್ರ ಪಾಳಿ ಶುರುವಾದಾಗ ದೀಪದ ಮನೆಯ ಸವೇತಾ ತಾನೇ 'ಕೆಳಗೆ' ಹಾಕಿ, ಪಾಳಿ ಮುಗಿದಾಗ ತಾನೇ ತೆಗೆಯುತ್ತಿದ್ದಳು. ಅವರು ಆ ಹೊತ್ತಿನಲ್ಲಿ ಮೈದಾನದಲ್ಲಿ ಓಡುತ್ತಿರುತ್ತಿದ್ದರು. ಇದು ಎಲ್ಲರಿಗೂ ಗೊತ್ತಿತ್ತು, ಯಾರಿಗೂ ಸಿಟ್ಟಿರಲಿಲ್ಲ. "ನಮ್ ಪಾಲಿನ ಕಲ್ಲಿದ್ದಲನ್ನ ಅವರು ಕಾಲಲ್ಲಿ ಕಡೀತಾರೆ" ಅನ್ನುತ್ತಿದ್ದರು ಗಣಿಯವರು.

ಸೋತರೆ ಬೇರೆ ಮಾತು. ತೀರಾ ಕೆಟ್ಟದಾಗಿ ಆಡಿದವನನ್ನು ಡೈರೆಕ್ಟರ್ ಒಂದು ವಾರ ನಿಜವಾಗಿಯೂ ಕೆಳಗೆ ಕಳಿಸುತ್ತಿದ್ದ. ಅದು ಊರಿಗೆ ಹಬ್ಬ. ಗಣಿಬಾಗಿಲಲ್ಲಿ ಕಾದು ನಿಂತು ಛೇಡಿಸುವವರು ಒಂದಷ್ಟು ಜನ. ಕೆಳಗಿಳಿದ ಮೇಲೆ ಅದೇ ಜನ ಅವನನ್ನು ನಡುವೆ ಕೂರಿಸಿಕೊಂಡು ಹಂದಿಕೊಬ್ಬು, ಈರುಳ್ಳಿ ಹಂಚಿಕೊಂಡು ತಿನ್ನಿಸಿ, ಭಾರ ಎತ್ತಲು ಬಿಡದೆ ವಾಪಸು ಕಳಿಸುತ್ತಿದ್ದರು.

ಆ ವರ್ಷ ಪಕ್ಕದ ಕಣಿವೆಯ ತಂಡದ ವಿರುದ್ಧ ಕೊರ್ನೆಲ್ ಒಂದು ಸುಲಭದ ಚೆಂಡನ್ನು ಕಾಲ ಸಂದಿಯಲ್ಲಿ ಬಿಟ್ಟುಕೊಟ್ಟ. ಸೋಮವಾರದಿಂದ ಕೆಳಗೆ ಹೋಗು ಅಂದರು. ಒಂದೆರಡು ದಿನ ಹೋದ. ಕೈಯ ಬೆರಳು ಊದಿಕೊಂಡಿತ್ತು. ಮಾರನೆಯ ಬೆಳಿಗ್ಗೆ ದೀಪ ತೆಗೆದುಕೊಳ್ಳಲು ಬಂದಾಗ ಸವೇತಾ ಅವನ ಕೈ ನೋಡಿದಳು. "ಈ ಕೈಲಿ ಭಾನುವಾರ ಏನ್ ಹಿಡೀತೀಯ, ನಿನ್ ತಲೆನಾ? ಹೋಗು, ಬಿಸಿನೀರಲ್ಲಿ ಅದ್ದಿಕೊಂಡು ಬಿದ್ಕೋ. ಬಿಲ್ಲೆ ನಾನು ನೋಡ್ಕೋತೀನಿ" ಅಂದಳು. ದಿನವೂ ಹನ್ನೊಂದು ಜನರಿಗೆ ಮಾಡುತ್ತಿದ್ದ ಕೆಲಸ. ಅವನ ಬಿಲ್ಲೆ 'ಕೆಳಗೆ' ಹಲಗೆಗೆ ಹೋಯಿತು. ಅವನು ಹಿತ್ತಿಲ ದಾರಿಯಿಂದ ಮೈದಾನದ ಸ್ನಾನದ ಮನೆಗೆ ಹೋಗಿ, ಒಲೆಯ ಪಕ್ಕದ ಬೆಂಚಿನ ಮೇಲೆ ನಿದ್ದೆ ಹೋದ.

ಆ ಬೆಳಿಗ್ಗೆಯೇ ಕೆಳಗೆ ಅನಿಲ ಸಿಡಿಯಿತು. ಗಣಿಯ ಕರೆಂಟು ಹೋಗಿ ಸೈರನ್ ಕೂಗಲಿಲ್ಲ. ಆಗ ಇಪ್ಪತ್ಮೂರು ವರ್ಷದ ತವಿ ಗಣಿಯ ಧ್ವನಿವರ್ಧಕದ ಕೋಣೆಯಲ್ಲಿ ಕೆಲಸಕ್ಕಿದ್ದ. ಮ್ಯಾಚಿನ ದಿನ ಮೈದಾನದಲ್ಲಿ, ಉಳಿದ ದಿನ ಗಣಿಯಲ್ಲಿ, ಎರಡೂ ಕಡೆ ಅದೇ ಗಂಟಲು. ಊರಿನ ಕಂಬಗಳ ಮೇಲಿನ ಸ್ಪೀಕರುಗಳಿಗೆ ಬೇರೆ ಲೈನ್ ಇತ್ತು. ಎಂಜಿನಿಯರ್ ಬಂದು, ಶಿಕ್ಷೆಯಿಲ್ಲದ ಆಟಗಾರರನ್ನು ಬಿಟ್ಟು, ಬಿಲ್ಲೆ 'ಕೆಳಗೆ' ಇರುವವರ ಹೆಸರುಗಳನ್ನು ಓದು ಅಂದ. ಜನ ಪಾಳಿ ಬದಲಾಯಿಸಿಕೊಳ್ಳುವುದುಂಟು, ಯಾರಾದರೂ ಮನೆಯಲ್ಲಿದ್ದರೆ ಗೇಟಿಗೆ ಬಂದು ತಿಳಿಸಲಿ, ಇಲ್ಲದವರಿಗಾಗಿ ಹುಡುಕುವುದು ಬೇಡ ಎಂದು. ಪ್ರತಿ ಹೆಸರಿನ ನಂತರ 'ಮೇಲಿದ್ದರೆ ಗೇಟಿಗೆ ಬನ್ನಿ' ಅನ್ನಬೇಕು.

ತವಿ ಓದಿದ. ಕಿಟಕಿಯಾಚೆ ಗೇಟಿನಲ್ಲಿ ಹೆಂಗಸರು, ಮುಂದಿನ ಪಾಳಿಯ ಗಂಡಸರು ಸೇರಿದ್ದರು. ಕೊರ್ನೆಲ್‌ನ ಹೆಸರು ಬಂತು.

ಮೈದಾನದಲ್ಲಿ ಒಂದು ಪದ್ಧತಿ ಇತ್ತು. ತಂಡ ಇಳಿಯುವಾಗ ತವಿ ಮೊದಲ ಹೆಸರನ್ನು ಎಳೆದು ಕೂಗಿ ನಿಲ್ಲಿಸಬೇಕು, ಮನೆತನದ ಹೆಸರನ್ನು ಜನ ಸೇರಿಸಬೇಕು. ಕೊರ್ನೆಲ್‌ನ ಹೆಸರನ್ನು ಅವನು ಬೇರೆ ಯಾವ ರೀತಿಯಲ್ಲೂ ಮೈಕಿನಲ್ಲಿ ಹೇಳಿಯೇ ಇರಲಿಲ್ಲ. ನಾಲಿಗೆ ತನ್ನ ಪಾಡಿಗೆ ತಾನು "ಕೊರ್ನೇಏಲ್" ಎಂದು ಎಳೆಯಿತು, ನಿಂತಿತು. ಗೇಟಿನಲ್ಲಿದ್ದ ಗಂಡಸರು, ಅವರಿಗೂ ಗೊತ್ತಾಗದ ಹಾಗೆ, "ಬಾಲಿಂತ್" ಎಂದುಬಿಟ್ಟರು. ಮೈಕ್ ಅದನ್ನೂ ಹಿಡಿದು ಊರಿಗೆಲ್ಲ ಕೇಳಿಸಿತು. ಒಬ್ಬ ಹೆಂಗಸು ಮುಖ ಮುಚ್ಚಿಕೊಂಡಳು. ತವಿಗೆ ಕಿವಿಯವರೆಗೆ ಬೆಂಕಿ ಹತ್ತಿತು. ಅವಸರದಲ್ಲಿ ಮುಂದಿನ ಹೆಸರಿಗೆ ಹೋದ. ಆ ಒಂದು ಹೆಸರಿನ ನಂತರ 'ಮೇಲಿದ್ದರೆ ಗೇಟಿಗೆ ಬನ್ನಿ' ಅನ್ನಲಿಲ್ಲ.

ಎರಡನೆಯ ಸಲ ಓದುವ ಹೊತ್ತಿಗೆ ಊರಿನ ಲೈನೂ ಸತ್ತಿತ್ತು.

ಮಧ್ಯಾಹ್ನದೊಳಗೆ ಬದುಕಿದವರನ್ನೂ ಸತ್ತವರನ್ನೂ ಮೇಲೆ ತಂದರು. ಮಿಕ್ಕ ಆಟಗಾರರದ್ದನ್ನು ಬಿಟ್ಟರೆ ಹಲಗೆಯಲ್ಲಿ ಒಂದೇ ಬಿಲ್ಲೆ ಉಳಿಯಿತು, ಕೊರ್ನೆಲ್‌ನದು. ದೀಪದ ಮನೆಯನ್ನು ಅಷ್ಟರಲ್ಲಿ ಗಾಯಾಳುಗಳಿಗೆ ಬಿಟ್ಟುಕೊಟ್ಟು ಸವೇತಾಳನ್ನು ಆಸ್ಪತ್ರೆಗೆ ಬ್ಯಾಂಡೇಜು ಕತ್ತರಿಸಲು ಕಳಿಸಿದ್ದರು. ಹೆಸರು ಕೇಳಿ ಕೊರ್ನೆಲ್ ತಾನೇ ಗೇಟಿಗೆ ಹೋಗಿರುತ್ತಾನೆ ಎಂದು ಅವಳು ಅಂದುಕೊಂಡಿದ್ದಳು. ಹಲಗೆಯ ಮುಂದೆ ನಿಂತವರಿಗೆ ಬಿಲ್ಲೆಯಷ್ಟೇ ಗೊತ್ತು. ವಾರದ ಶಿಕ್ಷೆಯ ಸುದ್ದಿ ಗೊತ್ತು. ರಕ್ಷಣಾ ದಳದವರಲ್ಲಿ ತವಿಯ ಅಪ್ಪ ಸಿಮಿಯೋನ್ ಲಾಪಾದತ್ ಮತ್ತೆ ಅನಿಲ ತಡೆಯುವ ಮುಖವಾಡ ಹಾಕಿಕೊಂಡ. "ಅವನನ್ನ ಬಿಟ್ಟು ಬಂದ್ರೆ ಭಾನುವಾರ ಯಾರು ನಿಲ್ತಾರೆ, ಡೈರೆಕ್ಟರಾ?" ಅಂದನಂತೆ. ಇಳಿದ ಮೇಲೆ ಚಾವಣಿ ಕುಸಿಯಿತು. ಜೊತೆಗಿದ್ದವರು ಬಂದರು, ಅವನು ಬರಲಿಲ್ಲ.

ಕೊರ್ನೆಲ್ ಸಂಜೆ ಬಂದ, ತಾನಾಗಿಯೇ, ಯಾರೋ ಮೈದಾನದ ಕಡೆ ಹೋಗಿ ಅಳುತ್ತಿದ್ದುದನ್ನು ಕೇಳಿ. ಗೇಟಿನಲ್ಲಿ ಅವನನ್ನು ಕಂಡ ಜನ ದಾರಿ ಬಿಟ್ಟರು. ಯಾರೂ ಬಯ್ಯಲಿಲ್ಲ. ಅಪಘಾತದ ವರದಿಯಲ್ಲಿ ಸಿಮಿಯೋನ್ 'ಮರುಪರಿಶೀಲನೆಯ ವೇಳೆ' ಸತ್ತ ಎಂದು ಬರೆದರು. ಸವೇತಾಳನ್ನು ಕ್ಯಾಂಟೀನಿಗೆ ಹಾಕಿದರು. ತಂಡ ಆ ವಸಂತದಲ್ಲಿ ಮೇಲಿನ ಡಿವಿಷನ್ನಿಗೆ ಏರುವ ಹಂತದಲ್ಲಿತ್ತು, ಬಿಲ್ಲೆಯ ವಿಚಾರ ಹೊರಗೆ ಹೋದರೆ ತಂಡವೇ ಉಳಿಯುತ್ತಿರಲಿಲ್ಲ. ಊರು ಬಾಯಿ ಮುಚ್ಚಿಕೊಂಡಿತು. ತಂಡ ಏರಿತು. ಆ ದಿನ ಊರೆಲ್ಲ ಕುಡಿದು ಕುಣಿಯಿತು, ತವಿಯ ಅಮ್ಮ ಕಿಟಕಿಗೆ ಕಂಬಳಿ ಕಟ್ಟಿಕೊಂಡು ಕೂತಳು.

ಕೊರ್ನೆಲ್ ಅದಾದ ಮೇಲೂ ವರ್ಷಗಟ್ಟಲೆ ಗೋಲಿನಲ್ಲಿ ನಿಂತ. ತವಿ ಪ್ರತಿ ಮ್ಯಾಚಿಗೂ ಅವನ ಹೆಸರು ಕೂಗಿದ, ಜನ ಸೇರಿಸಿದರು, ಕೊರ್ನೆಲ್ ಪ್ರತಿ ಸಲ ಗೂಡಿನ ಕಡೆ ಒಮ್ಮೆ ನೋಡಿ ಕೈಗವಸು ಬಿಗಿದುಕೊಂಡ. ಕ್ರಿಸ್‌ಮಸ್‌ಗೆ ಹಂದಿ ಕುಯ್ದಾಗ ಒಂದು ತೊಡೆಯನ್ನು ಅಮ್ಮನ ಬಾಗಿಲಲ್ಲಿ ಇಟ್ಟು ಹೋಗುತ್ತಿದ್ದ. ತವಿ ಅದನ್ನು ನಾಯಿಗೆ ಹಾಕುತ್ತೇನೆ ಅಂದ ವರ್ಷ ಅಮ್ಮ ತಡೆದಳು. ಜೋಳದ ಮುದ್ದೆ ತಿರುವುತ್ತ, ತಲೆ ಎತ್ತದೆ ಹೇಳಿದಳು: "ತಿನ್ನು. ಅವನು ಕೊಂದಿಲ್ಲ. ಬದುಕಿದಾನೆ, ಅಷ್ಟೆ."

ಆಮೇಲೆ ಗಣಿ ಮುಚ್ಚಿತು. ಬಿಲ್ಲೆಗಳು ಹೋದವು, ಬಿಲ್ಲೆಯ ಸಂಬಳ ಹೋಯಿತು, ಆಟಗಾರರು ಹೋದರು. ಕ್ಲಬ್ ಒಂದೊಂದೇ ಮೆಟ್ಟಿಲು ಕೆಳಗಿಳಿದು, ಹಳ್ಳಿಗಳ ತಂಡಗಳ ಜೊತೆ ಆಡುವ ಮಟ್ಟಕ್ಕೆ ಬಂತು. ಇವತ್ತಿನ ಎದುರಾಳಿ ಆಲೂಗಡ್ಡೆಗೆ ಹೆಸರಾದ ಒಂದು ಹಳ್ಳಿ.

ಆಟ ಶುರುವಾಗಿತ್ತು. ಅಟ್ಟಣೆಯಲ್ಲಿ ಎಣಿಸಬಹುದಾದಷ್ಟು ಜನ. ಸವೇತಾ, ಈಗ ಮುದುಕಿ, ಎಂದಿನ ಜಾಗದಲ್ಲಿ ಸೂರ್ಯಕಾಂತಿ ಬೀಜ ಮಾರುತ್ತ, ಅದಕ್ಕಿಂತ ಹೆಚ್ಚು ತಾನೇ ತಿನ್ನುತ್ತ ಕೂತಿದ್ದಳು.

"ಲೋ, ಅದು ಚೆಂಡು ಕಣೋ, ಕಚ್ಚಲ್ಲ" ಎಂದು ಒಬ್ಬ ಮುದುಕ ಮಿನೆರುಲ್‌ನ ಡಿಫೆಂಡರನಿಗೆ ಕೂಗಿದ.

"ಬಿಡಪ್ಪಾ," ಅಂದಳು ಸವೇತಾ. "ಇವತ್ತು ಸೋತ್ರೂ ಕೆಳಗಿಳಿಯೋಕೆ ಜಾಗ ಇಲ್ಲ. ಡಿವಿಷನ್ನೂ ಇಲ್ಲ, ಗಣೀನೂ ಇಲ್ಲ."

ನಕ್ಕರು. ಅಷ್ಟರಲ್ಲಿ ಆಲೂಗಡ್ಡೆಯವರು ಒಂದು ಗೋಲು ಹಾಕಿದರು, ಆಮೇಲೆ ಇನ್ನೊಂದು.

ಅರ್ಧ ಆಟ ಮುಗಿಯಿತು. ತವಿ ಹಾಳೆ ಓದಿದ. ಚಾದರದ ಅಂಗಿಯ ಮಾತನ್ನು ತಾನಾಗಿ ಸೇರಿಸಿದ, ಬೇರೇನೂ ಸೇರಿಸಲಿಲ್ಲ. ಮೇಯರ್ ಮೈದಾನದ ನಡುವೆ ಫಲಕ ಹಿಡಿದು ನಿಂತಿದ್ದ. ಕೊರ್ನೆಲ್ ಆಟಗಾರರು ಇಳಿಯುವ ಸುರಂಗದ ಬಾಯಲ್ಲಿ, ಹಳೆಯ ಕೋಟು ಹಾಕಿಕೊಂಡು, ಕರೆಗೆ ಕಾಯುತ್ತಿದ್ದ.

ಹೇಗೆ ಕೂಗುವುದು? ಸುಮ್ಮನೆ ಓದಿಬಿಟ್ಟರೆ ಅದೇ ಉತ್ತರ ಎಂದುಕೊಳ್ಳುತ್ತಾನೆ. ಎಳೆದು ಕೂಗಿದರೆ ಅದೂ ಉತ್ತರವೇ. ತವಿ ಗುಂಡಿ ಒತ್ತಿದ. ನಾಲಿಗೆಗೆ ಒಂದೇ ರೀತಿ ಗೊತ್ತಿತ್ತು.

"ನಂಬರ್ ಒಂದು... ಕೊರ್ನೇಏಲ್..."

ಕೆಳಗಿನಿಂದ ನಾಲ್ಕಾರು ಒಡಕು ಗಂಟಲು ಸೇರಿಸಿದವು. ಸವೇತಾಳ ಗಂಟಲು ಅದರಲ್ಲಿ ಇರಲಿಲ್ಲ. ಅವಳು ಬೀಜದ ಚೀಲದ ಬಾಯಿ ಕಟ್ಟುತ್ತಿದ್ದಳು. ಕೊರ್ನೆಲ್ ಕೂಡಲೇ ಹೊರಡಲಿಲ್ಲ. ತಲೆ ಒಂದು ಕಡೆ ವಾಲಿಸಿ, ಸ್ಪೀಕರಿನ ಕಂಬದ ಕಡೆ ಕಿವಿಯಿಟ್ಟು ಸ್ವಲ್ಪ ಹೊತ್ತು ನಿಂತಿದ್ದ, ದೂರದ ಯಾವುದನ್ನೋ ಹತ್ತಿರದ್ದರ ಜೊತೆ ಇಟ್ಟು ನೋಡುವವನ ಹಾಗೆ. ಆಮೇಲೆ ನಡೆದು ಹೋಗಿ ಫಲಕ ತೆಗೆದುಕೊಂಡ. ಮೇಯರ್ ಕೊಟ್ಟ ಮೈಕನ್ನು ಬೇಡವೆಂದು ತಲೆಯಾಡಿಸಿದ.

ಉಳಿದ ಆಟವನ್ನು ಯಾರೂ ಅಷ್ಟಾಗಿ ನೋಡಲಿಲ್ಲ. ಮಿನೆರುಲ್ ಸೋತಿತು. ಹುಡುಗರು ಅಂಗಿ ಬಿಚ್ಚಿ ಒಬ್ಬರಿಗೊಬ್ಬರು ಸಹಿ ಮಾಡಿಕೊಟ್ಟರು. ಜನ ಚದುರಿದರು.

ಏಣಿ ಕಿರುಗುಟ್ಟಿತು. ಕೊರ್ನೆಲ್ ಹತ್ತಿ ಬಂದ, ಒಂದೊಂದು ಮೆಟ್ಟಿಲಿಗೂ ನಿಂತು. ಗೂಡಿನೊಳಗೆ ಅವನು ಇದೇ ಮೊದಲ ಸಲ ಕಾಲಿಟ್ಟದ್ದು.

"ಇಲ್ಲಿಂದ ಗೋಲು ಇಷ್ಟು ಚಿಕ್ಕದಾಗಿ ಕಾಣುತ್ತಾ?" ಅಂದ ಕಿಟಕಿಯಲ್ಲಿ ಬಗ್ಗಿ. "ನೀನು ಇಷ್ಟು ವರ್ಷ ನನ್ನನ್ನ ಬಯ್ಕೊಂಡಿದ್ದು ತಪ್ಪಲ್ಲ ಬಿಡು. ಇಲ್ಲಿಂದ ನೋಡಿದ್ರೆ ಎಲ್ಲಾ ಚೆಂಡೂ ಹಿಡೀಬಹುದು ಅನ್ನಿಸ್ತದೆ."

"ಕೂತ್ಕೋ ಅಣ್ಣ." ತವಿ ಕುರ್ಚಿ ಬಿಟ್ಟುಕೊಟ್ಟು, ಕಿಸೆಯ ಬಾಟಲಿಯಿಂದ ಪ್ಲಮ್ ಸಾರಾಯಿಯನ್ನು ಮುಚ್ಚಳಕ್ಕೆ ಸುರಿದು ಕೊಟ್ಟ. ಇಬ್ಬರೂ ಮೊದಲ ತೊಟ್ಟನ್ನು ಸತ್ತವರ ಹೆಸರಿನಲ್ಲಿ ನೆಲಕ್ಕೆ ಬಿಟ್ಟರು. ಯಾರ ಹೆಸರೆಂದು ಹೇಳಲಿಲ್ಲ.

ಕೊರ್ನೆಲ್ ಕುಡಿದು, ಮುಚ್ಚಳವನ್ನು ಮೊಣಕಾಲಿನ ಮೇಲೆ ಇಟ್ಟುಕೊಂಡ.

"ನಾನು ಒಲೆ ಹತ್ರ ಮಲಗಿದ್ದೆ," ಅಂದ. "ನಿನ್ ದನಿಗೆ ಎಚ್ಚರ ಆಯ್ತು. ನನ್ ಹೆಸರು, ಆಮೇಲೆ ಜನ ಕೂಗಿದ್ದು. ಶಿಕ್ಷೆಗೆ ಹೋದವನು ಕೆಳಗಿಲ್ಲ ಅಂತ ಗೊತ್ತಾಯ್ತು, ಗೇಟಲ್ಲಿ ಎಲ್ರೂ ಸೇರಿ ಛೇಡಿಸ್ತಿದಾರೆ ಅನ್ಕೊಂಡೆ. ಮುಂದಿನದ್ದು ಕೇಳದ ಹಾಗೆ ಕಿವಿ ಮುಚ್ಕೊಂಡೆ, ಬಾಗಿಲಿಗೆ ಅಗಳಿ ಹಾಕ್ಕೊಂಡು ಒಲೆ ಹಿಂದೆ ಕೂತೆ. ಸಂಜೆವರೆಗೆ."

ತವಿ ಕಿಟಕಿಯ ಚೌಕಟ್ಟಿನ ಮೇಲೆ ಕೈ ಇಟ್ಟುಕೊಂಡಿದ್ದ.

"ಹೀಗಂತ ನನಗೆ ನೆನಪು. ಆದರೆ ಯಾರು ತವಿ, ಅಂಥ ದಿನ, ಅಂಥ ಹೊತ್ತಲ್ಲಿ ಹೆಸರನ್ನ ಮ್ಯಾಚಿನ ಥರ ಕೂಗ್ತಾರೆ? ಯಾರೂ ಕೂಗಲ್ಲ. ಹಂಗಾದ್ರೆ ನಾನು ನಿಜ ಏನು ಅಂತ ಗೊತ್ತಿದ್ದೂ ಹೆದರಿ ಕೂತಿದ್ದೆ, ಆಮೇಲೆ ಇದನ್ನ ಕಟ್ಟಿಕೊಂಡೆ ಅಂತಾಯ್ತಲ್ಲ. ದಿನಾ ಇದೇ ಯೋಚ್ನೆ. ನಿಮ್ಮಪ್ಪ ನನಗೋಸ್ಕರ ಇಳಿದ, ಅದು ಇದ್ದೇ ಇದೆ, ಅದನ್ನ ತೆಗಿ ಅಂತ ಕೇಳ್ತಿಲ್ಲ. ನನಗೆ ಕೇಳಿಸಿದ್ದು ನಿಜಾನಾ ಅಂತ ಅಷ್ಟೆ. ಇವತ್ತು ಕೂಗಿದ್ಯಲ್ಲ. ಹಿಂಗೇನಾ ಅವತ್ತೂ?"

ಮೈದಾನದಲ್ಲಿ ಯಾರೋ ಮೂಲೆಯ ಬಾವುಟಗಳನ್ನು ಕೀಳುತ್ತಿದ್ದರು. ಒಂದು ಪದ ಸಾಕಾಗಿತ್ತು, ಅದು ತವಿಯ ಬಾಯಲ್ಲಿ ಸಿದ್ಧವಾಗಿಯೇ ಇತ್ತು. ಅದನ್ನು ಹೇಳಿದ ಮೇಲೆ ಈ ಮುದುಕ ಏಣಿ ಇಳಿದು ಹಗುರಾಗಿ ಮನೆಗೆ ಹೋಗುತ್ತಾನೆ. ಒಲೆಯ ಹಿಂದೆ ಕೂತವನ ಜಾಗ ಖಾಲಿಯಾಗುತ್ತದೆ. ಅಲ್ಲಿ ಯಾರಾದರೂ ಕೂರಲೇಬೇಕು, ಹಾಗೆ ಕೂಗಿದವನೇ ಕೂರಬೇಕು. ಅಪ್ಪ ಯಾಕೆ ಇಳಿದ ಎಂಬ ಪ್ರಶ್ನೆಗೆ ಇಷ್ಟು ವರ್ಷ ತವಿಯ ಹತ್ತಿರ ಒಂದು ಮುಖ ಇತ್ತು, ಆ ಮುಖ ಕೈಗವಸು ಬಿಗಿದುಕೊಂಡು ಗೂಡಿನ ಕಡೆ ನೋಡುತ್ತಿತ್ತು.

"ನೆನಪಿಲ್ಲ ಅಣ್ಣ," ಅಂದ ತವಿ. ಅಲ್ಲಿಗೆ ನಿಲ್ಲಿಸಬಹುದಿತ್ತು. ನಿಲ್ಲಲಿಲ್ಲ. "ಸುಮ್ನೆ ಓದಿರ್ತೀನಿ. ಬೇರೆಯವರದ್ದನ್ನ ಓದಿದ ಹಾಗೇ."

ಕೊರ್ನೆಲ್ ತಲೆಯಾಡಿಸಿದ. ಇನ್ನೊಮ್ಮೆ ಆಡಿಸಿದ.

"ಹ್ಞೂ. ನಾನೂ ಹಂಗೇ ಇರಬೇಕು ಅನ್ಕೊಂಡಿದ್ದೆ," ಅಂದ. "ಕಟ್ಟಿಕೊಂಡಿದ್ದೇ ಹಂಗಾದ್ರೆ."

ಫಲಕವನ್ನು ಕಂಕುಳಿಗೆ ಸಿಕ್ಕಿಸಿಕೊಂಡು ಎದ್ದ. ಏಣಿಯ ತುದಿಯಲ್ಲಿ ತವಿ ಅವನ ತೋಳು ಹಿಡಿದ, ಅವನು ಬಿಡಿಸಿಕೊಳ್ಳಲಿಲ್ಲ. ಕೆಳಗೆ ಸವೇತಾ ಕಾದಿದ್ದಳು. ಕೊರ್ನೆಲ್‌ನ ಮುಖ ನೋಡಿ, ಒಂದು ಹಿಡಿ ಬೀಜ ಅವನ ಕೋಟಿನ ಕಿಸೆಗೆ ಹಾಕಿದಳು. ಇಬ್ಬರೂ ಗೇಟಿನ ಕಡೆ ನಿಧಾನಕ್ಕೆ ನಡೆದರು.

ತವಿ ಮೇಲೆ ನಿಂತೇ ನೋಡಿದ. ಕೂಗಿ ನಿಲ್ಲಿಸಲು ಅವನಿಗೆ ಮೈಕ್ ಕೂಡ ಬೇಕಿರಲಿಲ್ಲ.

ಹೌದು, ಅವತ್ತೂ ನಿನ್ನ ಹೆಸರನ್ನು ಹೀಗೇ ಕೂಗಿದ್ದೆ, ಗೇಟಿಗೆ ಬಾ ಅನ್ನಲಿಲ್ಲ ಎಂದು ಅವನು ಕೊರ್ನೆಲ್‌ಗೆ ಯಾವತ್ತೂ ಹೇಳಲಿಲ್ಲ.